ಕಂಬದಿಂದ ಇಳಿಯದ ಲೈನ್‌ಮನ್

ವಿಷಯ: ನಮ್ಮ ಪ್ರೌಢಶಾಲೆಯ ದಿವಂಗತ ಚಿತ್ರಕಲಾ ಶಿಕ್ಷಕರನ್ನು ಕುರಿತು ನೆನಪಿನ ಬರಹ ಸಲ್ಲಿಸುವ ಬಗ್ಗೆ.

ಮೇಲ್ಕಾಣಿಸಿದ ವಿಷಯಕ್ಕೆ ಸಂಬಂಧಿಸಿದಂತೆ, ಸ್ಮರಣ ಸಂಚಿಕೆಯ ಸಂಪಾದಕರು ಒಂದು ಪುಟಕ್ಕೆ ಮೀರದಂತೆ ಬರೆದುಕೊಡಬೇಕೆಂದು ನನಗೆ ತಿಳಿಸಿರುತ್ತಾರೆ. ನಾನು ಸದರಿ ಶಾಲೆಯ ಗುಮಾಸ್ತ. ಇದುವರೆಗೆ ಪತ್ರಗಳನ್ನು ಬರೆದಿದ್ದೇನೆಯೇ ಹೊರತು ಲೇಖನವೆಂಬುದನ್ನು ಬರೆದವನಲ್ಲ. ಪತ್ರದಲ್ಲಿ ಬರೆಯುವವನ ಮನಸ್ಸು ಕಾಣಬಾರದೆಂಬುದು ನಮಗೆ ಮೊದಲು ಕಲಿಸುವ ಪಾಠ. ಆದುದರಿಂದ ಇಲ್ಲಿ ಎಲ್ಲಿ ಹೆಚ್ಚು ಹೇಳುತ್ತಿದ್ದೇನೆ, ಎಲ್ಲಿ ಕಡಿಮೆ ಹೇಳುತ್ತಿದ್ದೇನೆ ಎಂಬುದು ನನಗೆ ತಿಳಿಯುತ್ತಿಲ್ಲ. ಪುಟದ ಮಿತಿ ಮೀರಿದೆ. ಅದಕ್ಕಾಗಿ ಕ್ಷಮೆ ಕೋರುತ್ತೇನೆ.

ಸದರಿಯವರ ಹೆಸರನ್ನು ನಮೂದಿಸಿಲ್ಲ. ಊರಿನವರಿಗೆ ಅದು ಗೊತ್ತಿದೆ, ಹೊರಗಿನವರಿಗೆ ಬೇಕಾಗಿಲ್ಲ. ಇನ್ನೊಬ್ಬರ ಹೆಸರನ್ನೂ ಬಿಟ್ಟಿದ್ದೇನೆ. ಅದಕ್ಕೆ ಕಾರಣ ಬೇರೆ. ಸದರಿಯವರು ತಮ್ಮ ಜೀವಮಾನದಲ್ಲಿ ಒಬ್ಬ ಹೆಣ್ಣುಮಗಳಿಗೆ ಒಂದೇ ಒಂದು ಪ್ರಶ್ನೆ ಕೇಳಿದರು. ಅದನ್ನೂ ಬಾಯಿಂದ ಕೇಳಲಿಲ್ಲ, ಚಿತ್ರದಲ್ಲಿ ಬರೆದು ಕೇಳಿದರು. ಅದಕ್ಕೆ ಉತ್ತರ ಬಂದಿತ್ತು. ಆ ಉತ್ತರವನ್ನು ಅವರ ಕಣ್ಣಿಗೆ ಬೀಳುವ ಮೊದಲೇ ರಬ್ಬರಿನಿಂದ ಅಳಿಸಿದವನು ನಾನು. ಇದನ್ನು ಬಿಟ್ಟು ಅವರ ಬಗ್ಗೆ ಬೇರೇನನ್ನು ಬರೆದರೂ ಅದು ಸುಳ್ಳು ವರದಿಯಾಗುತ್ತದೆ.

ನಮ್ಮ ಊರು ಸಂಶಿ ಸ್ಟೇಷನ್ನಿನಿಂದ ಸೈಕಲ್ಲಿನ ಮೇಲೆ ಅರ್ಧ ತಾಸಿನ ದಾರಿ. ಸದರಿಯವರು ಗಿರಣಿಯ ಹಿಂದಿನ ಒಂದು ಕೋಣೆಯಲ್ಲಿ ಬಾಡಿಗೆಗೆ ಇದ್ದರು. ನಾನು ಕೆಲಸಕ್ಕೆ ಸೇರಿದಾಗ ಅವರಿಗೆ ನಲವತ್ತರ ಆಸುಪಾಸು, ಮದುವೆಯಾಗಿರಲಿಲ್ಲ. ಎತ್ತರದ ಆಳು, ಸ್ವಲ್ಪ ಬಗ್ಗಿ ನಡೆಯುವರು. ಅಂಗಿಯ ಜೇಬಿನಲ್ಲಿ ಪೆನ್ಸಿಲ್ಲುಗಳನ್ನು ಮೊನೆ ಮೇಲಾಗಿ ಇಟ್ಟುಕೊಳ್ಳುತ್ತಿದ್ದುದರಿಂದ ಅವರನ್ನು ಯಾರೂ ಅಪ್ಪಿಕೊಳ್ಳುವಂತಿರಲಿಲ್ಲ. ಗಿರಣಿಯ ಹಿಟ್ಟು ಅವರ ಹಾಸಿಗೆ, ಪುಸ್ತಕ, ಹುಬ್ಬುಗಳ ಮೇಲೆಲ್ಲ ಕುಳಿತಿರುತ್ತಿತ್ತು. ಮಕ್ಕಳು ತರಗತಿಯಲ್ಲಿ ನಕ್ಕರೆ, "ನಗ್ರಿಲೇ, ಇವತ್ತ ಜ್ವಾಳ ಬೀಸ್ಯಾರ, ನಾಳೆ ಗೋದಿ ಬೀಸಿದ್ರ ಇನ್ನೂ ಬೆಳ್ಳಗ ಬರ್ತೇನಿ" ಎನ್ನುತ್ತಿದ್ದರು.

ಪಗಾರವಾದ ಮೊದಲ ಭಾನುವಾರ ಅವರು ರೈಲಿನಲ್ಲಿ ಹುಬ್ಬಳ್ಳಿಗೆ ಹೋಗಿ ಚಿತ್ರಕಥೆಯ ಪುಸ್ತಕಗಳನ್ನು ತರುತ್ತಿದ್ದರು. ಕನ್ನಡ, ಹಿಂದಿ, ಮರಾಠಿ, ಇಂಗ್ಲಿಷ್, ಯಾವುದಾದರೂ ಸರಿ. ಮಂಚದ ಕೆಳಗಿನ ಟ್ರಂಕಿನಲ್ಲಿ ಬಟ್ಟೆಗಿಂತ ಅವೇ ಹೆಚ್ಚಿದ್ದವು. ಬೇರೆಯವರು ಅವುಗಳನ್ನು ಹೊಡೆದಾಟಕ್ಕಾಗಿ ಓದಿದರೆ, ಸದರಿಯವರು ಹೊಡೆದಾಟದ ಪುಟಗಳನ್ನು ಮಗುಚಿಹಾಕಿ, ಅದರಲ್ಲಿನ ಗಂಡು ಹೆಣ್ಣು ಎಲ್ಲಿ ಎದುರಾಗುತ್ತಾರೆ ಎಂಬುದನ್ನು ಹುಡುಕುತ್ತಿದ್ದರು.

"ನೋಡ್ರಿ ಸಾಹೇಬ್ರ" ಎನ್ನುವರು. ಇಪ್ಪತ್ತನಾಲ್ಕು ವರ್ಷದ ನನ್ನನ್ನು ಅವರು ಕರೆಯುತ್ತಿದ್ದುದು ಹೀಗೆಯೇ. "ಈ ಮನಿಶ್ಯಾ ಹಡಗ ನಿಲ್ಲಸ್ತಾನ, ಬಂದೂಕಿನ ಗುಂಡು ಕೈಯಾಗ ಹಿಡೀತಾನ. ಆ ಹುಡುಗಿ ಮುಂದ ನಿಂತ್ರ ಮಾತ್ರ ಫುಗ್ಗಾದಾಗ ಬರೇ ಮೂರು ಚುಕ್ಕಿ!"

ಫುಗ್ಗಾ ಎಂದರೆ ಚಿತ್ರದಲ್ಲಿ ಪಾತ್ರಗಳ ಬಾಯಿಂದ ಹೊರಡುವ ಮಾತಿನ ಗುಳ್ಳೆ. ನಮ್ಮ ಕಡೆ ಮಕ್ಕಳು ಊದುವ ಬಲೂನಿಗೆ ಹಾಗೆನ್ನುತ್ತಾರೆ.

ಗಣಿತದ ಮಾಸ್ತರರು ಒಮ್ಮೆ ಕೇಳಿದರು: "ಅಲ್ರೀ, ನಾ ಸಾಲಿ ಕಲಿಯೋವಾಗಿಂದ ನೋಡಾಕತ್ತೇನಿ, ಈ ಪುಸ್ತಕದಾಗಿನವರು ಅಡ್ಡಾಡೋದ ಅಡ್ಡಾಡೋದು. ಮದುವಿ ಯಾಕ ಆಗವಲ್ರು?"

"ಮದುವಿ ಆದ್ರ ಮುಂದಿನ ತಿಂಗಳು ಆಂವ ಕಾಯಿಪಲ್ಲೆ ತರಾಕ ಹೋಗಬೇಕಾಗತೈತ್ರಿ. ಪುಸ್ತಕ ಯಾರು ತಗೋತಾರ?"

"ಮತ್ತ ನೀವ್ಯಾಕ ಆಗವಲ್ರಿ?"

"ನನ್ನ ಪುಸ್ತಕದಾಗ ಇನ್ನೂ ಜಾಹೀರಾತಿನ ಪುಟಾನ ನಡದಾವ್ರಿ" ಎಂದು ಎಲ್ಲರಿಗಿಂತ ಮೊದಲು ತಾವೇ ನಕ್ಕರು.

ಒಂದು ಚೌಕಟ್ಟಿಗೂ ಮುಂದಿನ ಚೌಕಟ್ಟಿಗೂ ನಡುವೆ ಇರುವ ಬಿಳಿಯ ಪಟ್ಟಿಯ ಬಗ್ಗೆ ಅವರು ಹೇಳಿದ ಮಾತು ನನಗೆ ಚೆನ್ನಾಗಿ ನೆನಪಿದೆ. "ಇಲ್ಲಿ ಆಕಿ ಬಾಗಲದಾಗ ನಿಂತಾಳ. ಬಾಜೂ ಚೌಕಟ್ಟಿನ್ಯಾಗ ಆಂವನ ಮಗ್ಗಲಕ ಕುಂತಾಳ. ನಡುವ ಏನಾತು? ಯಾರೂ ಬರದಿಲ್ಲ. ಪ್ರೀತಿ ಅನ್ನೋದು ಆ ಬಿಳೇ ಪಟ್ಟ್ಯಾಗ ನಡೀತೈತ್ರಿ. ನಮ್ಮಂಥವರಿಗೆ ಅದನ್ನ ದಾಟೋದ ತಿಳಿಯಂಗಿಲ್ಲ." ಇತರರ ಪ್ರೀತಿಯ ಬಗ್ಗೆ ಇಷ್ಟು ನಿರರ್ಗಳವಾಗಿ ಮಾತನಾಡುವವರು ಶಾಲೆಯ ಎದುರಿನ ಮಹಿಳಾ ಮಂಡಳದ ಮುಂದೆ ಹಾಯುವಾಗ ಮಾತ್ರ ಸೈಕಲ್ಲಿನ ಚೈನು ನೋಡುತ್ತ ಹೋಗುತ್ತಿದ್ದರು.

ಮಹಿಳಾ ಮಂಡಳದಲ್ಲಿ ಹೊಲಿಗೆ ವರ್ಗ ನಡೆಯುತ್ತಿತ್ತು. ಅಲ್ಲಿ ಕಲಿಸುತ್ತಿದ್ದವರನ್ನು ಊರಿನವರು ಹೊಲಿಗಿ ಅಕ್ಕೋರು ಎನ್ನುತ್ತಿದ್ದರು. ಮೂವತ್ತು ದಾಟಿತ್ತು. ತಂದೆ ತೀರಿಕೊಂಡ ಮೇಲೆ ಅಣ್ಣಂದಿರ ಮನೆಯಲ್ಲಿದ್ದರು. ಕನ್ನಡಕ ಹಾಕುತ್ತಿದ್ದರು. ಬೆರಳುಗಳಲ್ಲಿ ಯಾವಾಗಲೂ ಸೂಜಿ ಅಥವಾ ಕತ್ತರಿ ಇರುತ್ತಿದ್ದುದರಿಂದ, ಜಾರಿದ ಕನ್ನಡಕವನ್ನು ಮುಂಗೈಯ ಹಿಂಬದಿಯಿಂದ ಮೇಲೇರಿಸಿಕೊಳ್ಳುವ ರೂಢಿ ಅವರಿಗಿತ್ತು.

ನಮ್ಮ ಶಾಲೆ ಪ್ರತಿ ತಿಂಗಳು ಒಂದು ಕೈಬರಹದ ಪತ್ರಿಕೆಯನ್ನು ಹೊರಡಿಸುತ್ತಿತ್ತು. ಪ್ರತಿ ಒಂದೇ. ಅದಕ್ಕೆ ಒಂದು ಚೀಟಿ ಲಗತ್ತಿಸಿ ಜವಾನನ ಕೈಯಲ್ಲಿ ಊರೊಳಗೆ ಕಳುಹಿಸುತ್ತಿದ್ದೆವು. ಹೊಲಿಗೆ ವರ್ಗ, ಗಿರಣಿ, ಪಂಚಾಯತಿ ಕಟ್ಟೆ, ಓದುವ ಕೆಲವು ಮನೆಗಳು. ಓದಿದವರು ಚೀಟಿಯ ಮೇಲೆ ಸಹಿ ಹಾಕಿ, ಷರಾ ಎಂಬ ಅಂಕಣದಲ್ಲಿ ಅಭಿಪ್ರಾಯ ಬರೆದು ಮುಂದಿನವರಿಗೆ ಕೊಡಬೇಕು. ತಿರುಗಿ ಬಂದ ಪ್ರತಿಯನ್ನು ಶುಚಿ ಮಾಡುವುದು ನನ್ನ ಕೆಲಸ. ಅರಿಸಿನದ ಕಲೆ, ಎಣ್ಣೆಯ ಬೆರಳು, ಪೆನ್ಸಿಲ್ ಗೀಚು ಇವೆಲ್ಲವನ್ನೂ ರಬ್ಬರಿನಿಂದ ತಿಕ್ಕಿ ತೆಗೆದು ಹೊಲಿದು ಕಪಾಟಿನಲ್ಲಿ ಇಡತಕ್ಕದ್ದೆಂದು ಮುಖ್ಯೋಪಾಧ್ಯಾಯರ ಆದೇಶವಿತ್ತು.

ಈ ಪತ್ರಿಕೆಯ ಕೊನೆಯ ನಾಲ್ಕು ಪುಟಗಳಲ್ಲಿ ಸದರಿಯವರು ತಮ್ಮದೇ ಚಿತ್ರಕಥೆ ಬರೆಯಲಾರಂಭಿಸಿದರು. ಅದರ ನಾಯಕ ಕರೆಂಟಿನ ಲೈನ್‌ಮನ್. ಖಾಕಿ ಬಟ್ಟೆ, ಸೊಂಟದಲ್ಲಿ ಇಕ್ಕಳ. ಕಂಬ ಹತ್ತಿ ನಿಂತರೆ ಇಡೀ ಸೀಮೆ ಕಾಣುತ್ತದೆ. ಎಲ್ಲಿ ಕಳ್ಳತನ, ಎಲ್ಲಿ ಬೆಂಕಿ, ಎಲ್ಲಿ ಬಾವಿಗೆ ಬಿದ್ದ ಎಮ್ಮೆ, ಎಲ್ಲವೂ ಅವನಿಗೆ ಗೊತ್ತು. ಮುಖವಾಡ ಯಾಕಿಲ್ಲವೆಂದು ಹುಡುಗರು ಕೇಳಿದ್ದಕ್ಕೆ, "ನಮ್ಮೂರಾಗ ಮುಖಾ ಮುಚ್ಚಿಕೊಂಡು ಅಡ್ಡಾಡಿದ್ರ ನಾಯಿ ಬಿಡ್ತಾವೇನಲೇ?" ಎಂದಿದ್ದರು. ನಾಯಕಿ ಆಸ್ಪತ್ರೆಯ ನರ್ಸು. ಚಿತ್ರ ಅವರದು, ಫುಗ್ಗೆಗಳೊಳಗಿನ ಅಕ್ಷರ ನನ್ನದು. ಅವರ ಕೈಬರಹ ಕೆಟ್ಟದಾಗಿದ್ದುದರಿಂದ, ಅವರು ಬೇರೆ ಹಾಳೆಯ ಮೇಲೆ ಬರೆದುಕೊಟ್ಟ ಸಂಭಾಷಣೆಯನ್ನು ನಾನು ನಿಬ್ಬಿನ ಲೇಖನಿಯಾದ ಟಾಕನ್ನು ಅದ್ದಿ ಕಪ್ಪು ಮಸಿಯಲ್ಲಿ ಇಳಿಸುತ್ತಿದ್ದೆ.

ಒಂದೆರಡು ತಿಂಗಳಲ್ಲೇ ಊರಿನ ಹೆಂಗಸರಿಗೆ ಎಮ್ಮೆಗಿಂತ ನರ್ಸಿನ ಚಿಂತೆ ಹೆಚ್ಚಾಯಿತು. ಗಿರಣಿಯಲ್ಲಿ ಡಬ್ಬಿ ಹಿಡಿದು ನಿಂತಿದ್ದ ಒಬ್ಬ ಅಜ್ಜಿ ಸದರಿಯವರನ್ನು ತಡೆದು ಕೇಳಿದ್ದನ್ನು ನಾನೇ ಕೇಳಿದ್ದೇನೆ.

"ಯಪ್ಪಾ ಮಾಸ್ತರಾ, ಆ ನರ್ಸಬಾಯಿಗೆ ಹಿಂದ ಮುಂದ ಯಾರೂ ಇಲ್ಲೇನು? ನಾಕ ತಿಂಗಳಾತು ಕಂಬದ ಬುಡಕ ನಿಂತಾಳ. ಜನಾ ಏನಂದಾರು? ಅಕ್ಕಿಕಾಳು ಹಾಕಿ ಮದುವಿ ಮುಗಸಿ ಬಿಡು."

"ಆಕಿ ಹೂಂ ಅನ್ನಬೇಕಲ್ಲಬೇ?"

"ನೀ ಕೇಳಿದ್ರ ತಾನ ಅನ್ನಾಕಿ!"

ಅವರ ಕಿವಿ ಕೆಂಪಾದದ್ದು ಹಿಟ್ಟಿನ ನಡುವೆಯೂ ಕಂಡಿತು.

ಅದೇ ಸುಮಾರಿಗೆ ಹೊಲಿಗೆ ವರ್ಗದ ಒಬ್ಬ ಹುಡುಗಿ ಒಂದು ಲೋಪವನ್ನು ಪತ್ತೆ ಹಚ್ಚಿದಳು. ಚಿತ್ರದಲ್ಲಿನ ನರ್ಸಿಗೆ ಕನ್ನಡಕವಿಲ್ಲ. ಆದರೂ ಪ್ರತಿ ಸಂಚಿಕೆಯಲ್ಲಿ ಒಂದು ಸಲವಾದರೂ ಆಕೆ ಮುಂಗೈಯ ಹಿಂಬದಿಯನ್ನು ಮೂಗಿನ ಮೇಲೆ ತರುತ್ತಾಳೆ. "ಚಾಳೀಸ ಇಲ್ದಾಕಿ ಏನ್ ಏರಸ್ತಾಳಲೇ ಮ್ಯಾಲ?" ಎಂದು ಆ ಹುಡುಗಿ ಕೇಳಿದಾಗ ವರ್ಗದಲ್ಲಿ ಎಲ್ಲರೂ ಒಮ್ಮೆಲೇ ಅಕ್ಕೋರ ಕಡೆ ನೋಡಿದರಂತೆ. ಅಕ್ಕೋರು, "ಕಾಜಾ ಹಾಕ್ರಿ ಮೊದಲ, ಚಿತ್ರಾ ಆಮ್ಯಾಲೆ" ಎಂದು ಗದರಿಸಿದರಂತೆ. ಆದರೆ ಅಂದಿನಿಂದ ಪತ್ರಿಕೆ ಹೊಲಿಗೆ ವರ್ಗದಲ್ಲಿ ಒಂದು ದಿನ ಹೆಚ್ಚಿಗೆ ನಿಲ್ಲತೊಡಗಿತು. ಇದನ್ನು ನಾನು ಚೀಟಿಯ ತಾರೀಖುಗಳಿಂದ ಗಮನಿಸಿದ್ದೆ, ಅರ್ಥ ಮಾಡಿಕೊಂಡಿರಲಿಲ್ಲ.

ಕೊನೆಯ ಚೌಕಟ್ಟಿನಲ್ಲಿ ನರ್ಸಿನ ಫುಗ್ಗೆಯನ್ನು ಖಾಲಿ ಬಿಡುವ ಪದ್ಧತಿಯನ್ನು ಸದರಿಯವರು ಆಗಲೇ ಆರಂಭಿಸಿದರು. ಓದುವವರು ಪೆನ್ಸಿಲ್ಲಿನಿಂದ ತಮಗೆ ತೋಚಿದ ಮಾತು ತುಂಬಬೇಕು. ಊರಿನವರು ಉತ್ಸಾಹದಿಂದ ತುಂಬಿದರು. "ಮೊದಲ ನಮ್ಮ ಓಣಿಗೆ ಲೈಟ್ ಕೊಡು" ಎಂದು ಒಬ್ಬರು, "ಪಗಾರ ಎಷ್ಟು?" ಎಂದು ಇನ್ನೊಬ್ಬರು. ತಿರುಗಿ ಬಂದಾಗ ಸದರಿಯವರು ಅವನ್ನೆಲ್ಲ ಓದಿ ನಕ್ಕು, "ಈಗ ಅಳಸ್ರಿ ಸಾಹೇಬ್ರ" ಎಂದ ಮೇಲೆಯೇ ನಾನು ರಬ್ಬರ್ ಹಿಡಿಯುವುದು. ನಮ್ಮಿಬ್ಬರ ನಡುವೆ ಇದು ಒಪ್ಪಿತವಾಗಿದ್ದ ಕ್ರಮ.

ಆ ವರ್ಷ ಮಳೆಗಾಲ ಮುಗಿಯುವ ವೇಳೆಗೆ ಹೊಲಿಗೆ ಅಕ್ಕೋರ ಅಕ್ಕ ಕಲಘಟಗಿ ತಾಲೂಕಿನ ದೇವಿಕೊಪ್ಪದಲ್ಲಿ ತೀರಿಕೊಂಡರು. ಎರಡು ಸಣ್ಣ ಮಕ್ಕಳು. ಮಕ್ಕಳಿಗೆ ತಾಯಿ ಬೇಕು, ಆದ್ದರಿಂದ ಅಕ್ಕನ ಗಂಡನನ್ನೇ ಮದುವೆಯಾಗಬೇಕೆಂದು ಅಣ್ಣಂದಿರು ಹೇಳಿದರು. ಅಕ್ಕೋರು ಒಂದು ತಿಂಗಳ ಅವಕಾಶ ಕೇಳಿದ್ದರೆಂದು ಊರಿನಲ್ಲಿ ಎಲ್ಲರಿಗೂ ಗೊತ್ತಿತ್ತು. ಊರಿನ ಸುದ್ದಿಗೆ ಕಿವಿಗೊಡಬಾರದೆಂದು ಆಗ ನಿಯಮ ಮಾಡಿಕೊಂಡಿದ್ದ ನನಗೆ ಮಾತ್ರ ಗೊತ್ತಿರಲಿಲ್ಲ.

ಆ ತಿಂಗಳ ಚಿತ್ರವನ್ನು ಸದರಿಯವರು ತಾವಾಗಿಯೇ ಕಚೇರಿಗೆ ತಂದರು. ಕೊನೆಯ ಚೌಕಟ್ಟಿನಲ್ಲಿ ಕಂಬದ ತುದಿಯಲ್ಲಿ ಲೈನ್‌ಮನ್. ಬುಡದಲ್ಲಿ ತಲೆಯೆತ್ತಿ ನಿಂತ ನರ್ಸು. ಅವನ ಫುಗ್ಗೆಯಲ್ಲಿ ಬರೆಯಲು ಕೊಟ್ಟ ಮಾತು ಒಂದೇ: "ನಾನು ಕೆಳಗೆ ಇಳಿದು ಬರಲೇ?"

"ಈ ಸಲ ಮೊದಲ ಹೊಲಿಗಿ ಕ್ಲಾಸಿಗೆ ಕಳಸ್ರಿ" ಎಂದರು. "ಮತ್ತ ತಿರುಗಿ ಬಂದ ಕೂಡಲೇ ನನಗ ತೋರಸ್ರಿ. ಮರೀಬ್ಯಾಡ್ರಿ."

"ಆತ್ರಿ ಸರ್" ಎಂದೆ.

ಪತ್ರಿಕೆ ಊರೊಳಗೆ ಹೋದ ಮರುದಿನ ಅವರನ್ನು ಡ್ರಾಯಿಂಗ್ ಪರೀಕ್ಷೆಯ ಕೆಲಸದ ಮೇಲೆ ಧಾರವಾಡಕ್ಕೆ ನಿಯೋಜಿಸಿ ಆದೇಶ ಬಂತು. ಹತ್ತು ದಿನ. ಅದರ ಬೆನ್ನಿಗೇ ಶಾಲೆಯ ವಾರ್ಷಿಕ ತಪಾಸಣೆಯ ಪತ್ರವೂ ಬಂತು. ಮುಖ್ಯೋಪಾಧ್ಯಾಯರು ಪತ್ರಿಕೆಯನ್ನು ಅರ್ಧದಲ್ಲೇ ತರಿಸಿ ನನ್ನ ಮೇಜಿನ ಮೇಲೆ ಇಟ್ಟು ಹೇಳಿದರು:

"ನಾಳೆ ಮುಂಜಾನೆ ಇದು ಸ್ವಚ್ಛ ಆಗಿರಬೇಕು. ಎಲ್ಲೂ ಖಾಲಿ ಜಾಗಾ ಬಿಡಬ್ಯಾಡ್ರಿ. ತಪಾಸಣಿದಾಗ ಖಾಲಿ ಕಂಡ್ರ ಮೊದಲ ಅದನ್ನ ಕೇಳ್ತಾರ."

ನಾನು ಪುಟ ತೆರೆದೆ. ನರ್ಸಿನ ಫುಗ್ಗೆಯೊಳಗೆ ಸಣ್ಣ, ದುಂಡಾದ ಅಕ್ಷರಗಳಲ್ಲಿ ಪೆನ್ಸಿಲ್ಲಿನಿಂದ ಹೀಗೆ ಬರೆದಿತ್ತು:

"ಬರ್ರಿ. ಎಷ್ಟ ದಿನಾ ಮ್ಯಾಲ ನಿಂದರ್ತೀರಿ?"

ಯಾರೋ ತಮಾಷೆಗೆ ಬರೆದದ್ದೆಂದುಕೊಂಡು ಅಳಿಸಿದೆ. ಪೆನ್ಸಿಲ್ ಒತ್ತಿ ಬರೆದಿದ್ದರಿಂದ ಎರಡು ಸಲ ತಿಕ್ಕಬೇಕಾಯಿತು. ಅನಂತರ ಖಾಲಿಯಾದ ಜಾಗದಲ್ಲಿ ಏನು ಬರೆಯುವುದೆಂದು ಯೋಚಿಸಿದೆ. ಅದು ಕೋರಿಕೆ. ಕೋರಿಕೆಗೆ ಏನು ಬರೆಯಬೇಕೆಂಬುದು ನನಗೆ ಗೊತ್ತಿತ್ತು. ಟಾಕು ಅದ್ದಿ, ಅಳತೆ ನೋಡಿ, ಮೂರು ಸಾಲುಗಳಲ್ಲಿ ಬರೆದೆ: "ತಮ್ಮ ಕೋರಿಕೆಯನ್ನು ಸದ್ಯಕ್ಕೆ ಪರಿಗಣಿಸಲು ಸಾಧ್ಯವಿಲ್ಲವೆಂದು ತಿಳಿಸಲು ವಿಷಾದಿಸುತ್ತೇನೆ." ತಪಾಸಣೆಗೆ ಬಂದ ಅಧಿಕಾರಿಗಳು ಅದನ್ನು ಓದಿ ನಕ್ಕರು, ಮುಖ್ಯೋಪಾಧ್ಯಾಯರು ನನ್ನ ಬೆನ್ನು ತಟ್ಟಿದರು. ಆ ದಿನ ನನಗೆ ಆಗಿದ್ದ ಸಂತೋಷವನ್ನು ಮರೆಮಾಚದೆ ಇಲ್ಲಿ ನಮೂದಿಸುತ್ತೇನೆ.

ಮೂರನೆಯ ದಿನ ಅಕ್ಕೋರು ತಾವೇ ಕಚೇರಿಗೆ ಬಂದರು. ಹಿಂದೆಂದೂ ಬಂದವರಲ್ಲ.

"ಈ ತಿಂಗಳದ್ದು ಬಂದೈತೇನ್ರಿ? ಒಂಚೂರು ನೋಡಿ ಕೊಡ್ತೇನಿ."

ಕೊಟ್ಟೆ. ನಿಂತುಕೊಂಡೇ ಕೊನೆಯ ಪುಟ ತೆರೆದರು. ಓದಿದರು. ಫುಗ್ಗೆಯ ಮೇಲೆ ಹೆಬ್ಬೆರಳು ಆಡಿಸಿದರು. ಮತ್ತೊಮ್ಮೆ ಓದಿದರು. ಕೈಯಲ್ಲಿ ಸೂಜಿಯಿಲ್ಲದಿದ್ದರೂ ಮುಂಗೈಯಿಂದ ಕನ್ನಡಕ ಏರಿಸಿಕೊಂಡು ಪತ್ರಿಕೆಯನ್ನು ಮೇಜಿನ ಮೇಲೆ ಇಟ್ಟರು.

"ಅಕ್ಷರ ಭಾಳ ಛಲೋ ಅದಾವ್ರಿ" ಎಂದು ಹೇಳಿ ಹೋದರು.

ಸದರಿಯವರು ಧಾರವಾಡದಿಂದ ಬಂದದ್ದು ಅದರ ಮುಂದಿನ ವಾರ. ಕೋಣೆಗೂ ಹೋಗದೆ, ಚೀಲದ ಸಮೇತ ಕಚೇರಿಯ ಬಾಗಿಲಲ್ಲಿ ಸೈಕಲ್ ಹಿಡಿದುಕೊಂಡೇ ನಿಂತು ಕೇಳಿದರು:

"ಪೆನ್ಸಿಲ್‌ಲೇ ಯಾರರ ಏನರ ಬರದಿದ್ರೇನ್ರಿ?"

ಅವರ ಒಪ್ಪಿಗೆಯಿಲ್ಲದೆ ಅಳಿಸಿದ್ದೆನೆಂಬ ಭಯ ನನಗಿತ್ತು. ನೌಕರಿ ಇನ್ನೂ ಕಾಯಮ್ ಆಗಿರಲಿಲ್ಲ. ತಪ್ಪನ್ನು ಒಪ್ಪಿಕೊಳ್ಳುವುದಕ್ಕಿಂತ ಸಂಗತಿಯನ್ನೇ ಇಲ್ಲವೆನ್ನುವುದು ಸುಲಭವಾಗಿ ಕಂಡಿತು.

"ಏನೂ ಇರಲಿಲ್ರಿ ಸರ್."

"ಏನೂ?"

"ಏನೂ ಇಲ್ರಿ. ಖಾಲಿ ಇತ್ರಿ. ಹೆಡ್‌ಮಾಸ್ತರ್ರು ತುಂಬಂದ್ರು, ನಾನ ತುಂಬಿದೆ."

ಅವರು ಸೈಕಲ್ಲನ್ನು ಗೋಡೆಗೆ ಒರಗಿಸಿ ಒಳಗೆ ಬಂದು ನೋಡಿದರು. ನಕ್ಕರು. "ವಿಷಾದಿಸುತ್ತೇನೆ! ಒಲ್ಲೆ ಅನ್ನೋದನ್ನ ಇಷ್ಟು ಮರ್ಯಾದಿಲೇ ಬರದೀರಲ್ಲ ಸಾಹೇಬ್ರ, ಅಗದಿ ಪಸಂದ್ ಆತು." ಆ ನಗು ಮುಗಿಯುವ ಮೊದಲೇ ಹೊರಗೆ ಹೋದರು. ಸೈಕಲ್ಲನ್ನು ಹತ್ತಲಿಲ್ಲ, ತಳ್ಳಿಕೊಂಡು ಹೋದರು.

ದೀಪಾವಳಿಯ ನಂತರ ಅಕ್ಕೋರ ಮದುವೆ ನಮ್ಮ ಊರಿನಲ್ಲೇ ಆಯಿತು. ಊರಿನಲ್ಲಿ ಯಾರ ಮದುವೆಯಾದರೂ ಹಂದರದ ಮೇಲೆ ಕಟ್ಟುವ ಬಟ್ಟೆಯ ಮೇಲೆ ವಧೂವರರ ಹೆಸರು ಬರೆಯುವುದು ಚಿತ್ರಕಲಾ ಶಿಕ್ಷಕರ ಕೆಲಸ. ಅಣ್ಣಂದಿರು ಬಂದು ಕೇಳಿದರು, ಸದರಿಯವರು ಆಗಲೆಂದರು. ಆ ಬಟ್ಟೆಯನ್ನು ಶಾಲೆಯ ಪಡಸಾಲೆಯಲ್ಲಿ ಹಾಸಿ, ಮೊಣಕಾಲೂರಿ, ಅರ್ಧ ದಿನ ಕುಳಿತು ಬರೆದರು. ನಾನು ಬಣ್ಣದ ಡಬ್ಬಿ ಹಿಡಿದಿದ್ದೆ. ವರನ ಹೆಸರಿಗೆ ಕೆಂಪು, ವಧುವಿನ ಹೆಸರಿಗೆ ನೀಲಿ. ಅವರ ಕೈಬರಹ ಕೆಟ್ಟದೆಂದು ನಾನು ಮೇಲೆ ಬರೆದಿದ್ದೇನೆ. ಆ ದಿನ ಹಾಗಿರಲಿಲ್ಲ.

ಶಾಲಾ ವರ್ಷದ ಕೊನೆಯಲ್ಲಿ ಚೀಟಿಗಳನ್ನು ಕ್ರಮವಾಗಿ ಹೊಂದಿಸುತ್ತಿದ್ದಾಗ, ಹಳೆಯದೊಂದರ ಷರಾ ಅಂಕಣದಲ್ಲಿ ಅಕ್ಕೋರ ಸಹಿಯ ಎದುರು "ಮುಂದಿನದು ಬೇಗ ಬರಲಿ" ಎಂಬ ಮಾತು ಕಂಡಿತು. ಸಣ್ಣ, ದುಂಡಾದ ಅಕ್ಷರ. ನಾನು ಎದ್ದು ಕಪಾಟು ತೆರೆದು ಆ ಸಂಚಿಕೆಯನ್ನು ಕಿಟಕಿಯ ಬಳಿ ಓರೆಯಾಗಿ ಹಿಡಿದೆ. ನನ್ನ ಕಪ್ಪು ಮಸಿಯ ಕೆಳಗೆ, ಕಾಗದದಲ್ಲಿ ಒತ್ತಿದ ಗುರುತು ಹಾಗೆಯೇ ಇತ್ತು. ಬರ್ರಿ.

ಈ ಮಾತನ್ನು ನಮ್ಮ ಭಾಗದಲ್ಲಿ ದಿನಕ್ಕೆ ನೂರು ಸಲ ಹೇಳುತ್ತಾರೆ. ಮನೆಗೆ ಬಂದವರಿಗೆ, ಅಂಗಡಿಗೆ ಬಂದವರಿಗೆ, ಹಾದಿಯಲ್ಲಿ ಕಂಡವರಿಗೆ. ಆ ದಿನದಿಂದ ನಾನು ಅದನ್ನು ಕೇಳಿದಾಗಲೆಲ್ಲ ಮೇಜಿನ ಮೇಲಿನ ನನ್ನ ಕೈಯನ್ನು ನೋಡಿಕೊಳ್ಳುತ್ತೇನೆ. ಕಚೇರಿಗೆ ಬಂದವರನ್ನು ಕೈಸನ್ನೆಯಿಂದ ಕೂರಿಸುತ್ತೇನೆ. ನನಗೆ ಜಂಬವೆಂದು ಪಾಲಕರು ಆಡಿಕೊಳ್ಳುವುದು ನನ್ನ ಗಮನಕ್ಕೆ ಬಂದಿದೆ.

ಸದರಿಯವರಿಗೆ ಹೇಳಬಹುದಿತ್ತು. ಮದುವೆ ಮುಗಿದಿದೆ, ಇನ್ನು ಹೇಳಿ ಪ್ರಯೋಜನವೇನು, ಅವರ ನೋವು ಹೆಚ್ಚೀತೇ ಹೊರತು ಕಡಿಮೆಯಾಗದು ಎಂದು ಕಾರಣಗಳನ್ನು ಬರೆದುಕೊಂಡೆ. ಕಾರಣಗಳು ಸರಿಯಾಗಿದ್ದವು. ನಾನು ಹೇಳದಿದ್ದುದು ಮಾತ್ರ ಆ ಕಾರಣಗಳಿಂದಲ್ಲ.

ಚಿತ್ರಕಥೆ ನಿಲ್ಲಲಿಲ್ಲ. ಮುಂದಿನ ಸಂಚಿಕೆಯಲ್ಲಿ ನರ್ಸು ಇರಲಿಲ್ಲ. ಲೈನ್‌ಮನ್ ಕಂಬದ ಮೇಲೆಯೇ ಇದ್ದ. ಅದರ ಮುಂದಿನದರಲ್ಲಿಯೂ ಮೇಲೆಯೇ. ಅಲ್ಲಿಂದಲೇ ಕಳ್ಳರನ್ನು ಹಿಡಿಸಿದ, ಅಲ್ಲಿಂದಲೇ ಹಗ್ಗ ಬಿಟ್ಟು ಎಮ್ಮೆ ಎತ್ತಿದ. ಮಳೆ ಬಂದಾಗ ತಲೆಯ ಮೇಲೆ ಗೋಣಿಚೀಲದ ಕೊಪ್ಪೆ ಹಾಕಿಕೊಂಡ. ಪತ್ರಿಕೆ ನಿಂತುಹೋಗುವವರೆಗೆ, ಐದಾರು ವರ್ಷ, ಅವನು ನೆಲ ಮುಟ್ಟಲಿಲ್ಲ. ಸಂಚಿಕೆ ಸಂಚಿಕೆಗೂ ಕಂಬ ಮಾತ್ರ ತುಸು ಎತ್ತರವಾಗುತ್ತ ಹೋಯಿತು. ಅವನ ಮುಖ ಸಣ್ಣದಾಗುತ್ತ ಹೋಯಿತು. ಹುಡುಗರು ಕೇಳುತ್ತಿದ್ದರು: "ಸರ್, ಆಂವ ಊಟಕ್ಕರ ಇಳೀತಾನೋ ಇಲ್ಲೋ?"

"ಬುತ್ತಿ ಒಯ್ದಾನಲೇ" ಎನ್ನುತ್ತಿದ್ದರು ಸದರಿಯವರು.

ಪ್ರತಿ ತಿಂಗಳು ಆ ಹಾಳೆ ನನ್ನ ಮೇಜಿಗೆ ಬರುತ್ತಿತ್ತು. ಮೇಲೆ ನಿಂತವನ ಫುಗ್ಗೆಯಲ್ಲಿ ನಾನು ಅಕ್ಷರ ತುಂಬುತ್ತಿದ್ದೆ. ಖಾಲಿ ಫುಗ್ಗೆ ಮತ್ತೆ ಎಂದೂ ಬರಲಿಲ್ಲ. ಒಮ್ಮೆ ಮಾತ್ರ ಟಾಕು ಕೆಳಗಿಟ್ಟು, "ಸರ್, ಇವನನ್ನ ಇಳಸಬಾರದೇನ್ರಿ?" ಎಂದು ಕೇಳಿದೆ. ಅವರು ಪೆನ್ಸಿಲ್ ಹೆರೆಯುವುದನ್ನು ನಿಲ್ಲಿಸಲಿಲ್ಲ. "ಕೇಳಿ ನೋಡಿದ್ನಲ್ರಿ ಆಂವ. ಒಬ್ಬರೂ ಬಾ ಅನ್ನಲಿಲ್ಲ. ಕರೀದ ಹೆಂಗ ಇಳೀತಾನ?" ಎಂದರು. ಆಗಲೂ ನಾನು ಹೇಳಲಿಲ್ಲ. ಈ ಬರಹದಲ್ಲಿ ಬರೆಯಲು ಎಲ್ಲಕ್ಕಿಂತ ಕಷ್ಟವಾದ ಸಾಲು ಇದೇ.

ಪತ್ರಿಕೆ ನಿಂತು ಎಷ್ಟೋ ವರ್ಷಗಳಾದ ಮೇಲೆ, ಕಳೆದ ಬೇಸಗೆಯಲ್ಲಿ, ಸದರಿಯವರು ಸೇವೆಯಲ್ಲಿರುವಾಗಲೇ ಹೃದಯದ ಬೇನೆಯಿಂದ ತೀರಿಕೊಂಡರು. ಶಾಲೆ ಆರಂಭವಾದ ಮೇಲೆ ಸಂತಾಪ ಸಭೆ ಮಾಡಿದೆವು. ಅದರ ಮರುವಾರ ಮಧ್ಯಾಹ್ನ ಅಕ್ಕೋರು ಕಚೇರಿಯ ಬಾಗಿಲಲ್ಲಿ ನಿಂತಿದ್ದರು. ದೇವಿಕೊಪ್ಪದಿಂದ ಮೂರು ಬಸ್ಸು ಬದಲಿಸಿ ಬಂದಿದ್ದರು.

"ಗುರತ ಸಿಕ್ತೇನ್ರಿ?"

"ಸಿಕ್ತ್ರಿ ಅಕ್ಕೋರ" ಎಂದು ಕುರ್ಚಿ ತೋರಿಸಿದೆ.

"ಆ ಪತ್ರಿಕಾ ಇಟ್ಟೀರೇನ್ರಿ? ನನಗ ಒಂದ ಬೇಕು. ಯಾವದಂತ ನಿಮಗ ಗೊತ್ತಿರಬೇಕು."

ತೆಗೆದುಕೊಟ್ಟೆ. ಅವರು ಕೊನೆಯ ಪುಟ ತೆರೆದು, ನನ್ನ ಮೂರು ಸಾಲಿನ ಮೇಲೆ ಬೆರಳಿಟ್ಟರು.

"ಇದನ್ನ ಬರಸೋ ಮುಂದ ಅವರು ಏನಂದ್ರು? ಅಷ್ಟ ಕೇಳಾಕ ಬಂದೆ. ಇನ್ನ ಅವರಂತೂ ಇಲ್ಲ, ಹೇಳ್ರಿ."

ನಾನು ಎದ್ದು ನಿಂತು ಹೇಳಿದೆ. ಕುಳಿತು ಹೇಳಲು ಆಗಲಿಲ್ಲ.

"ಅವರು ಬರಸಿದ್ದಲ್ರಿ. ಅವರು ಊರಾಗ ಇರಲಿಲ್ಲ. ನೀವು ಬರದದ್ದನ್ನ ಅಳಿಸಿದಾಂವ ನಾನು. ಇದನ್ನ ಬರದಾಂವ ನಾನು. ಅವರು ಬಂದು ಕೇಳಿದ್ರು. ಯಾರೂ ಏನೂ ಬರದಿಲ್ಲ ಅಂತ ಸುಳ್ಳು ಹೇಳಿದಾಂವನೂ ನಾನ."

ಜವಾನ ಚಹಾ ತಂದಿಟ್ಟು ಹೋದ. ಅವರು ಅದನ್ನು ನೋಡಲಿಲ್ಲ. "ಮುಂದಿನ್ವು ತಗೀರಿ" ಎಂದರು.

ಎಲ್ಲ ಸಂಚಿಕೆಗಳನ್ನೂ ಇಳಿಸಿ ಮೇಜಿನ ಮೇಲೆ ಒಟ್ಟಿದೆ. ಒಂದೊಂದನ್ನೇ ಕೊನೆಯ ಪುಟದಿಂದ ತೆರೆದು ನೋಡುತ್ತ ಹೋದರು. ಕಂಬದ ಮೇಲೆ. ಕಂಬದ ಮೇಲೆ. ಕೊಪ್ಪೆ ಹಾಕಿಕೊಂಡು ಕಂಬದ ಮೇಲೆ.

"ಆಕಿ ಎಲ್ಲಿ ಹೋದ್ಲು?"

"ಆಮ್ಯಾಲೆ ಆಕಿನ್ನ ಬರೀಲಿಲ್ರಿ."

"ಇವಂಗ ಯಾರೂ ಇಳಿ ಅನ್ನಲಿಲ್ಲೇನ್ರಿ?"

"ಊರಾಗ ಎಲ್ಲಾರೂ ಅಂದಾರ್ರಿ."

ಕೊನೆಯ ಸಂಚಿಕೆಯನ್ನು ಮುಚ್ಚಿ ಅವರು ಅಂದರು: "ಒಂದರ ದೇವಿಕೊಪ್ಪಕ್ಕ ಬಂದಿದ್ರ ನನಗ ತಿಳೀತಿತ್ತು. ಬರೇ ಒಂದ ಪ್ರತಿ ಮಾಡ್ತಿದ್ರಿ ನೀವು." ಅದನ್ನು ರಾಶಿಯ ಮೇಲಿಟ್ಟು ಮತ್ತೆ ಅಂದರು: "ನಾ ಬರದದ್ದನ್ನ ಅವರ ಅಳಿಸಿದ್ರು ಅಂತ ನನಗ ಸಿಟ್ಟಿತ್ರಿ. ಭಾಳ ಸಿಟ್ಟಿತ್ತು. ಆ ಸಿಟ್ಟು ಹಿಡಕೊಂಡ ಅಕ್ಕನ ಮಕ್ಕಳನ್ನ ದೊಡ್ಡವರನ್ನ ಮಾಡಿದೆ, ಬಾಳೇವು ಮಾಡಿದೆ. ಈಗ ಅದನ್ನೂ ಇಸಕೊಂಡ್ರಿ ನೀವು. ಇನ್ನ ಮನಿಗೆ ಹೋಗಿ ನಾ ಏನ್ ಹಿಡಕೊಳ್ಳಲಿ?"

ನಾನು ಇದನ್ನು ಬರೆಯಬೇಕೆಂದಿರುವುದಾಗಿ ತಿಳಿಸಿ ಅನುಮತಿ ಕೇಳಿದೆ.

"ಬರೀರಿ. ಹೆಸರು ಬ್ಯಾಡ. ನಮ್ಮ ಮನಿಯಾವ್ರು ಛಲೋ ಮನಿಶ್ಯಾ ಅದಾರ."

ಬಸ್ಸಿನವರೆಗೆ ಜೊತೆಯಲ್ಲಿ ಹೋದೆ. ಕಿಟಕಿಯ ಪಕ್ಕ ಕುಳಿತ ಮೇಲೆ ಅವರು ಸರಳಿನ ಸಂದಿಯಿಂದ ಕೇಳಿದರು:

"ಖರೇನ ಕೇಳಿದ್ರಾ ಅವರು? ಬಂದ ಮ್ಯಾಲ?"

"ಖರೇನ್ರಿ. ಕ್ವಾಣಿಗೂ ಹೋಗಿರಲಿಲ್ಲ."

"ಹೆಂಗ ಕೇಳಿದ್ರು?"

ಸದರಿಯವರು ಬಾಗಿಲಲ್ಲಿ ಸೈಕಲ್ ಹಿಡಿದು ನಿಂತು ಕೇಳಿದ ಮಾತನ್ನು, ಅವರು ಕೇಳಿದ ಹಾಗೆಯೇ ಹೇಳಬೇಕೆಂದು ಬಾಯಿ ತೆರೆದೆ. ಮಾತು ಪೂರ್ತಿ ನೆನಪಿತ್ತು, ಒಂದಕ್ಷರ ಬಿಡದೆ ಹೇಳಿದೆ. ಆದರೆ ನನ್ನ ಬಾಯಲ್ಲಿ ಅದು ಕಡತವನ್ನು ಓದಿದ ಹಾಗೆ ಬಂತು.

"ಇನ್ನೊಮ್ಮೆ ಅನ್ರಿ" ಎಂದರು.

ಇನ್ನೊಮ್ಮೆ ಅಂದೆ. ಅವರು ಕಣ್ಣು ಮುಚ್ಚಿ ಕೇಳುತ್ತಿದ್ದರು. ಕಂಡಕ್ಟರ್ ಸೀಟಿ ಊದಿದ. ಮೂರನೆಯ ಸಲ ಹೇಳಲು ನಾನು ಬಸ್ಸಿನ ಜೊತೆಗೆ ಸ್ವಲ್ಪ ದೂರ ನಡೆದೆ, ಅನಂತರ ಓಡಿದೆ.